ಖಿಡ್ಕಿಯ ಕಿಟಕಿಗಳು: ನೋಡುವವರು ಯಾರು, ಕಾಣುವವರು ಯಾರು?

ಸಾಕೇತದ ಮಾಲ್‌ಗಳನ್ನು ಕಾಣದ ಕನ್ನಡ ಸಂಸಾರ ಇಂದು ದೆಹಲಿಯಲ್ಲಿ ಇರಲಾರದು. ಊರಿನಿಂದ ಬಂದ ನೆಂಟರಿಗೆ ಕುತುಬ್ ಮಿನಾರ್ ತೋರಿಸಿ, ಬರುವಾಗ ಅಲ್ಲೊಂದು ಸುತ್ತು ಹಾಕಿಸಿ, ಮಾಳವೀಯ ನಗರದಲ್ಲಿ ಮೆಟ್ರೋ ಹತ್ತುವುದು ನಮ್ಮೆಲ್ಲರ ರೂಢಿ. ಆದರೆ ಆ ಮಾಲ್‌ಗಳ ಮುಂದಿನ ಪ್ರೆಸ್ ಎನ್‌ಕ್ಲೇವ್ ರಸ್ತೆಯನ್ನು ದಾಟಿ ಎದುರಿನ ಖಿಡ್ಕಿ ಎಕ್ಸ್‌ಟೆನ್ಷನ್ನಿನ ಓಣಿಗಳಲ್ಲಿ ಕಾಲಿಟ್ಟವರು ನಮ್ಮಲ್ಲಿ ಕಡಿಮೆ. ಬಿಸಿಲು ನೆಲ ಮುಟ್ಟದಷ್ಟು ಒತ್ತೊತ್ತಾಗಿ ನಿಂತ ಮನೆಗಳು, ತಲೆಯ ಮೇಲೆ ಹೆಣೆದುಕೊಂಡ ತಂತಿಗಳು, ಹೊಟ್ಟೆಪಾಡಿಗೋ ಓದಿಗೋ ಚಿಕಿತ್ಸೆಗೋ ಬಿಹಾರದಿಂದ, ನೇಪಾಳದಿಂದ, ಅಫಘಾನಿಸ್ತಾನದಿಂದ, ಆಫ್ರಿಕಾದ ದೇಶಗಳಿಂದ ಬಂದು ಬಾಡಿಗೆಗೆ ನಿಂತ ಜನ. ಗೋಡೆಗೆ ಗೋಡೆ ತಗುಲಿಕೊಂಡಿದ್ದರೂ ಪಕ್ಕದ ಮನೆಯವರ ಹೆಸರು ಗೊತ್ತಿರುವುದಿಲ್ಲ. ಈ ಓಣಿಗಳಲ್ಲಿ 2006ರಲ್ಲಿ ನಡೆದ ಒಂದು ದೃಶ್ಯಪ್ರಯೋಗವನ್ನು ಕುರಿತು ನಾಲ್ಕು ಮಾತು ಬರೆಯಬೇಕೆಂದು ನಮಗೆ ಬಹಳ ದಿನಗಳಿಂದ ಅನ್ನಿಸುತ್ತಿತ್ತು. ಅಷ್ಟು ಹಳೆಯ ಕೃತಿಯ ವಿಮರ್ಶೆ ಈಗೇಕೆಂದು ಓದುಗ ಬಂಧುಗಳು ಕೇಳಬಹುದು. ಕಾರಣ ನಮ್ಮ ಮನೆಯೊಳಗಿನದು. ಅದನ್ನು ಕೊನೆಗೆ ಹೇಳುತ್ತೇವೆ.

ಕೃತಿಯ ಹೆಸರು ‘ಖಿಡ್ಕಿಯಾಂ’. ಕರ್ತೃ ಮುಂಬಯಿಯ ಚಿತ್ರನಿರ್ದೇಶಕಿ ಶೈನಾ ಆನಂದ್. ಖಿಡ್ಕಿಯಲ್ಲೇ ನೆಲೆಸಿರುವ ‘ಖೋಜ್’ ಎಂಬ ಕಲಾವಿದರ ಸಂಸ್ಥೆಯ ಆಶ್ರಯದಲ್ಲಿ ಅವರು ಇದನ್ನು ನಡೆಸಿದರು. ಖಿಡ್ಕಿ ಎಂದರೆ ಕಿಟಕಿ. ನಮ್ಮ ‘ಕಿಟಕಿ’ಯೂ ಆ ಪದದ ನೆಂಟನೇ. ಬಡಾವಣೆಗೆ ಈ ಹೆಸರು ಬಂದದ್ದು ಅಲ್ಲಿಯ ಹಳೆಯ ಮಸೀದಿಯಿಂದ. ಹದಿನಾಲ್ಕನೆಯ ಶತಮಾನದಲ್ಲಿ ಫಿರೋಜ್ ಷಾ ತುಘಲಕನ ಮಂತ್ರಿ ಖಾನ್-ಎ-ಜಹಾನ್ ಜೂನಾನ್ ಷಾ ಕಟ್ಟಿಸಿದ ಈ ಮಸೀದಿ ಹೊರಗಿನಿಂದ ಕೋಟೆಯಂತೆ ಕಾಣುತ್ತದೆ. ಮೇಲಂತಸ್ತಿನ ಸುತ್ತಲೂ ಕಲ್ಲಿನ ಜಾಲರಿಯ ಕಿಟಕಿಗಳು. ಒಳಗೆ ಛಾವಣಿಯ ನಡುನಡುವೆ ಆಕಾಶಕ್ಕೆ ತೆರೆದ ನಾಲ್ಕು ಅಂಗಳಗಳು. ಜಾಲರಿಯ ಗುಣ ಎಲ್ಲರಿಗೂ ಗೊತ್ತು: ಒಳಗಿದ್ದವರಿಗೆ ಹೊರಗಿನದು ಕಾಣುತ್ತದೆ, ಹೊರಗಿದ್ದವರಿಗೆ ಒಳಗಿನದು ಕಾಣುವುದಿಲ್ಲ. ಶೈನಾ ಆನಂದರ ಕೃತಿ ಈ ಜಾಲರಿಯನ್ನು ತೆಗೆದು ನೋಡಿದರೆ ಏನಾಗುತ್ತದೆ ಎಂಬುದರ ಪರೀಕ್ಷೆ.

ಪ್ರಯೋಗದ ರೀತಿ ಬಹಳ ಸರಳ. ಅಂಗಡಿಗಳಲ್ಲಿ ಕಳ್ಳರನ್ನು ಹಿಡಿಯಲು ಇಡುವ ಅಗ್ಗದ ಕಾವಲು ಕ್ಯಾಮರಾಗಳು, ಮಾಮೂಲಿ ಟೀವಿ ಪೆಟ್ಟಿಗೆಗಳು, ಮೈಕುಗಳು, ಓಣಿಯಿಂದ ಓಣಿಗೆ ಎಳೆದ ಕೇಬಲ್, ಸಲಕರಣೆ ಇಷ್ಟೇ. ನೆರೆಹೊರೆಯ ನಾಲ್ಕು ಕಡೆ ಒಂದೊಂದು ಟೀವಿ, ಅದರೊಡನೆ ಒಂದು ಕ್ಯಾಮರಾ, ಒಂದು ಮೈಕು. ನಾಲ್ಕು ಕಡೆಯ ಚಿತ್ರವೂ ಒಂದೇ ಪರದೆಯಲ್ಲಿ ನಾಲ್ಕು ಚೌಕಗಳಾಗಿ ಮೂಡಿ ನಾಲ್ಕೂ ಕಡೆಗೆ ಹೋಗುತ್ತದೆ. ಟೀವಿಯ ಮುಂದೆ ಕುಳಿತವರಿಗೆ ಉಳಿದ ಮೂವರ ಜೊತೆಗೆ ತಾವೂ ಕಾಣುತ್ತಾರೆ. ಮಾತಾಡಿದರೆ ಕೇಳುತ್ತದೆ, ಉತ್ತರವೂ ಬರುತ್ತದೆ. ನಡುವೆ ನಿರೂಪಕರಿಲ್ಲ, ‘ಆಕ್ಷನ್’, ‘ಕಟ್’ ಎನ್ನುವವರಿಲ್ಲ. ಅಂಗಡಿಯವರು, ಗೃಹಿಣಿಯರು, ಕೆಲಸಕ್ಕೆ ಬಂದ ಹುಡುಗರು ತಮಗೆ ತೋಚಿದಷ್ಟು ಹೊತ್ತು ಮಾತಾಡುತ್ತಾರೆ. ಹೀಗೆ ಕಂತು ಕಂತಾಗಿ ನಡೆದದ್ದನ್ನು ಮುದ್ರಿಸಿಕೊಂಡದ್ದೇ ಇಂದು ನಮಗೆ ಸಿಗುವ ಚಿತ್ರ.

ಕಾವಲು ಕ್ಯಾಮರಾದ ವ್ಯವಸ್ಥೆಗೆ ಇಂಗ್ಲಿಷಿನಲ್ಲಿ ‘ಕ್ಲೋಸ್ಡ್ ಸರ್ಕ್ಯೂಟ್’ ಎನ್ನುತ್ತಾರಲ್ಲವೇ? ಎಲ್ಲ ನೋಟವೂ ಕೊನೆಗೆ ಒಂದು ಮುಚ್ಚಿದ ಕೋಣೆಗೆ ಹೋಗಿ ಸೇರುತ್ತದೆ. ಅಲ್ಲಿ ಕುಳಿತವರು ಯಾರೋ ನಮಗೆ ತಿಳಿಯದು. ಶೈನಾ ಆನಂದ್ ಅದೇ ಸಲಕರಣೆಯ ತಂತಿಯನ್ನು ಬೇರೆ ರೀತಿಯಲ್ಲಿ ಜೋಡಿಸಿ ಅದಕ್ಕೆ ‘ಓಪನ್ ಸರ್ಕ್ಯೂಟ್’ ಎಂದರು. ಕೃತಿಯ ಸತ್ವವೆಲ್ಲ ಈ ಜೋಡಣೆಯಲ್ಲಿದೆ ಎಂಬುದು ನಮ್ಮ ಅಭಿಪ್ರಾಯ.

ಇದರ ಮಹತ್ವ ತಿಳಿಯಬೇಕಾದರೆ ನಮ್ಮ ದೇಶದ ಟೀವಿಯ ಕಥೆಯನ್ನು ಸ್ವಲ್ಪ ನೆನೆಯಬೇಕು. ಭಾರತದಲ್ಲಿ ಟೀವಿ ಹುಟ್ಟಿದ್ದು ಈ ದೆಹಲಿಯಲ್ಲೇ, 1959ರ ಸೆಪ್ಟೆಂಬರ್ 15ರಂದು. 1967ರ ಜನವರಿಯಲ್ಲಿ ‘ಕೃಷಿ ದರ್ಶನ’ ಆರಂಭವಾದಾಗ ದೆಹಲಿಯ ಸುತ್ತಲಿನ 80 ಹಳ್ಳಿಗಳಲ್ಲಿ ಸಾಮೂಹಿಕ ಟೀವಿಗಳನ್ನು ಇಟ್ಟರು. 1975-76ರಲ್ಲಿ ಉಪಗ್ರಹದ ಮೂಲಕ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಕಾರ್ಯಕ್ರಮ ಹೋಯಿತು. ನಮ್ಮ ಕರ್ನಾಟಕದ ಹಳ್ಳಿಗಳೂ ಅದರಲ್ಲಿದ್ದವು. ಪಂಚಾಯಿತಿಯ ಕಟ್ಟೆಯ ಮೇಲೆ ಪೆಟ್ಟಿಗೆಯಿಟ್ಟು ಊರಿಗೆ ಊರೇ ನೆರೆದು ನೋಡಿದ್ದನ್ನು ಆ ಕಡೆಯ ಹಿರಿಯರು ಇಂದಿಗೂ ಹೇಳುತ್ತಾರೆ. ಆ ಯೋಜನೆಗಳ ಸದುದ್ದೇಶವನ್ನು ನಾವು ಅಲ್ಲಗಳೆಯುವುದಿಲ್ಲ. ಆದರೆ ಅಲ್ಲಿ ಒಂದು ಕಡೆಯವರದು ಮಾತು, ಇನ್ನೊಂದು ಕಡೆಯವರದು ಕಿವಿ. ಟೀವಿಗೆ ರೈತ ಎದುರು ಮಾತಾಡುವ ಹಾಗಿರಲಿಲ್ಲ. ಖಿಡ್ಕಿಯ ಓಣಿಯಲ್ಲಿ ಅದೇ ಪೆಟ್ಟಿಗೆ ಕೆಲವು ದಿನ ಎದುರು ಮಾತನ್ನು ಕೇಳಿಸಿಕೊಂಡಿತು.

ಇನ್ನು ಕೃತಿಯ ಒಳಗಿನ ಮುಖ್ಯ ಪ್ರಶ್ನೆಗೆ ಬರೋಣ. ಅದು ಕಳ್ಳನೋಟದ ಪ್ರಶ್ನೆ, ಜೊತೆಗೆ ಕ್ಯಾಮರಾದ ಮುಂದೆ ನಾವೆಲ್ಲ ಕಟ್ಟುವ ವೇಷದ ಪ್ರಶ್ನೆ.

ಕದ್ದು ನೋಡುವುದು ಮನುಷ್ಯರ ಹಳೆಯ ಚಾಳಿ. ನಮ್ಮ ಕಡೆ ಯಕ್ಷಗಾನದ ಆಟಕ್ಕೆ ಹೋದ ಹುಡುಗರು ಮೊದಲು ಓಡುವುದು ಚೌಕಿಯತ್ತ. ಅಲ್ಲಿ ದೀಪದ ಮುಂದೆ ಕುಳಿತು ಅರ್ಧ ಬಣ್ಣ ಹಚ್ಚಿದ ರಾವಣ ಬೀಡಿ ಸೇದುತ್ತಿರುವುದನ್ನು ಇಣುಕಿ ನೋಡುವ ಸುಖ ರಂಗಸ್ಥಳದ ರಾವಣನನ್ನು ನೋಡುವುದರಲ್ಲಿ ಇಲ್ಲ. ಆದರೆ ವೇಷಧಾರಿ ಕತ್ತೆತ್ತಿ ನೋಡಿದರೆ ಹುಡುಗರು ಸಿಕ್ಕಿಬೀಳುತ್ತಾರೆ. ಆತ ಗದರಿಸುತ್ತಾನೆ, ಇಲ್ಲವೇ ನಗುತ್ತಾನೆ. ಅಂದರೆ ಇಣುಕುವವರಿಗೂ ಒಂದು ಬೆಲೆ ತೆರಬೇಕಾಗಿತ್ತು. ಕ್ಯಾಮರಾ ಬಂದ ಮೇಲೆ ಆ ಬೆಲೆ ಇಲ್ಲವಾಯಿತು. ಇಂದು ಇಣುಕುವವರು ಸಿಕ್ಕಿಬೀಳುವುದಿಲ್ಲ, ಯಾರೂ ಕತ್ತೆತ್ತಿ ಅವರನ್ನು ನೋಡಲಾರರು.

ಇದು ಬರಿಯ ಕಲೆಯ ವಿಚಾರವಲ್ಲವೆಂಬುದು ದೆಹಲಿಯಲ್ಲಿ ಹೆಣ್ಣುಮಕ್ಕಳನ್ನು ಬೆಳೆಸಿದ ತಂದೆತಾಯಿಗಳಿಗೆ ಹೇಳಬೇಕಾಗಿಲ್ಲ. 2012ರ ಡಿಸೆಂಬರ್ 16ರ ಘೋರಕೃತ್ಯದ ತರುವಾಯ, ನ್ಯಾಯಮೂರ್ತಿ ವರ್ಮಾ ಸಮಿತಿಯ ವರದಿಯ ಬೆನ್ನಿಗೆ, 2013ರಲ್ಲಿ ದಂಡಸಂಹಿತೆಗೆ ಕಲಂ 354ಸಿ ಸೇರಿತು. ಏಕಾಂತದಲ್ಲಿರುವ ಹೆಣ್ಣನ್ನು ಕದ್ದು ನೋಡುವುದೂ ಚಿತ್ರ ತೆಗೆಯುವುದೂ ಅಂದಿನಿಂದ ಪ್ರತ್ಯೇಕ ಅಪರಾಧ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಹೊಸ ನ್ಯಾಯಸಂಹಿತೆಯಲ್ಲಿ ಅದೇ 77ನೆಯ ಕಲಂ. ಏಕಾಂತ ಎಂಬುದು ನಾಗರಿಕರ ಮೂಲಭೂತ ಹಕ್ಕೆಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಾಧೀಶರ ಪೀಠ 2017ರ ಆಗಸ್ಟ್ 24ರಂದು ಸಾರಿತಷ್ಟೆ. ಆ ತೀರ್ಪು ಇಂದು ಹೆಸರಾಗಿರುವುದು ನಮ್ಮ ಕರ್ನಾಟಕದ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರ ಹೆಸರಿನಿಂದ, ಮೊದಲ ಅರ್ಜಿದಾರರು ಅವರೇ. ಇದು ನಾವು ಹೆಮ್ಮೆಪಡಬೇಕಾದ ಸಂಗತಿ.

ಆದರೂ ಇದೇ ಊರು ಕ್ಯಾಮರಾಗಳನ್ನು ನೆಟ್ಟದ್ದಕ್ಕೆ ಲೆಕ್ಕವಿಲ್ಲ. 2021ರಲ್ಲಿ ಪ್ರಕಟವಾದ ಒಂದು ಅಂತರರಾಷ್ಟ್ರೀಯ ಹೋಲಿಕೆಯ ಪ್ರಕಾರ ದೆಹಲಿಯಲ್ಲಿ ಚದರ ಮೈಲಿಗೆ 1,826 ಸಾರ್ವಜನಿಕ ಕ್ಯಾಮರಾಗಳಿದ್ದವು. ಹೋಲಿಸಿದ ಜಗತ್ತಿನ ನಗರಗಳಲ್ಲೆಲ್ಲ ಅದೇ ಮೊದಲ ಸ್ಥಾನ. ನಮ್ಮ ಕಾಲನಿಗಳ ಸಭೆಗಳಲ್ಲಿ ನಾವೇ ಕೈಯೆತ್ತಿ ಗೇಟಿಗೊಂದು, ಲಿಫ್ಟಿಗೊಂದು ಹಾಕಿಸಿಕೊಂಡಿದ್ದೇವೆ. ಭದ್ರತೆಗೆ ಬೇಕೆಂಬ ವಾದದಲ್ಲಿ ಹುರುಳಿದೆ, ನಾವೂ ಕೈಯೆತ್ತಿದವರೇ. ಆದರೆ ಕದ್ದು ನೋಡುವುದು ತಪ್ಪೆಂದು ಕಾನೂನು ಮಾಡಿದ ನಾವೇ, ಕದ್ದು ನೋಡುವ ಯಂತ್ರಕ್ಕೆ ವಂತಿಗೆ ಕೊಟ್ಟೆವು. ಇವೆರಡರ ನಡುವಿನ ಗೆರೆ ಎಲ್ಲಿದೆ? ‘ಖಿಡ್ಕಿಯಾಂ’ ಅದಕ್ಕೆ ಒಂದು ಉತ್ತರ ಕೊಡುತ್ತದೆ. ನೋಡುವವರು ಕಾಣುತ್ತಾರೆಯೋ ಇಲ್ಲವೋ ಎಂಬುದೇ ಆ ಗೆರೆ.

ಇನ್ನು ವೇಷದ ಮಾತು. ಕ್ಯಾಮರಾ ಎದುರಾದರೆ ಯಾರೇ ಆಗಲಿ ಮೊದಲು ಕೂದಲಿಗೆ ಕೈ ಹಾಕುತ್ತಾರೆ. ಬೆನ್ನು ನೆಟ್ಟಗಾಗುತ್ತದೆ, ದನಿ ಬದಲಾಗುತ್ತದೆ. ಮದುವೆಯ ವೀಡಿಯೋದಲ್ಲಿ ಅಕ್ಕಿಕಾಳು ಹಾಕುವ ಕೈ ಒಂದು ಕ್ಷಣ ಹೆಚ್ಚೇ ನಿಲ್ಲುವುದನ್ನು ನಾವೆಲ್ಲ ಕಂಡಿದ್ದೇವೆ. ಇದನ್ನು ಸೋಗು ಎಂದು ತಳ್ಳಿಹಾಕುವವರಿದ್ದಾರೆ. ಕ್ಯಾಮರಾದ ಕಣ್ಣಿನಿಂದ ತಪ್ಪಿಸಿಕೊಂಡರೆ ಮಾತ್ರ ನಿಜವಾದ ಮನುಷ್ಯ ಸಿಕ್ಕಾನು ಎಂಬ ನಂಬಿಕೆ ಅದು. ಸ್ಯಾಮ್ಯುಯೆಲ್ ಬೆಕೆಟ್ ಬರೆದು 1965ರಲ್ಲಿ ತೆರೆಕಂಡ ‘ಫಿಲ್ಮ್’ ಎಂಬ ಸಣ್ಣ ಚಿತ್ರದಲ್ಲಿ ಮುದುಕ ಬಸ್ಟರ್ ಕೀಟನ್ ನೋಟದಿಂದ ಓಡುತ್ತಾನೆ. ಕೋಣೆ ಸೇರಿ ಕಿಟಕಿ ಮುಚ್ಚುತ್ತಾನೆ, ಕನ್ನಡಿಗೆ ಬಟ್ಟೆ ಹೊದಿಸುತ್ತಾನೆ, ನಾಯಿ ಬೆಕ್ಕುಗಳನ್ನೂ ಹೊರಗೆ ಅಟ್ಟುತ್ತಾನೆ. ಕೊನೆಗೆ ತನ್ನನ್ನು ಅಟ್ಟಿಸಿಕೊಂಡು ಬಂದ ಕಣ್ಣು ತನ್ನದೇ ಎಂದು ಕಾಣುತ್ತದೆ. ದೊಡ್ಡ ಕೃತಿ, ಸಂದೇಹವಿಲ್ಲ. ಆದರೆ ಅದು ಒಂಟಿ ಮನುಷ್ಯನ ಕಥೆ. ಖಿಡ್ಕಿಯವರು ಓಡುವುದಿಲ್ಲ. ಅವರ ಸಿಂಗಾರ ಯಾವುದೋ ಅನಾಮಧೇಯ ಕಣ್ಣಿಗಲ್ಲ, ಎದುರು ಚೌಕದಲ್ಲಿ ಕುಳಿತ ನೆರೆಯವರಿಗೆ. ಎದುರಿನವರೂ ಅದೇ ಹೊತ್ತಿಗೆ ತಲೆ ಬಾಚಿಕೊಂಡು ಕುಳಿತಿದ್ದಾರೆ. ಹೀಗೆ ಪರಸ್ಪರವಾದಾಗ ವೇಷ ಸೋಗಾಗಿ ಉಳಿಯದೆ ಮರ್ಯಾದೆಯಾಗುತ್ತದೆ. ಮನೆಗೆ ಬಂದವರ ಮುಂದೆ ಒಳ್ಳೆಯ ಸೀರೆಯುಟ್ಟು ಬಾಗಿಲು ತೆಗೆಯುವುದನ್ನು ನಾವು ಸೋಗೆನ್ನುತ್ತೇವೆಯೇ?

ಕೃತಿಯ ದೋಷಗಳನ್ನೂ ಹೇಳಬೇಕು. ಚಿತ್ರ ಮಸುಕು, ಮಾತಿನ ಮೇಲೆ ಮಾತು ಬೀಳುತ್ತದೆ, ಬಹಳಷ್ಟು ಕಡೆ ಏನೂ ನಡೆಯುವುದಿಲ್ಲ. ಸಿನಿಮಾದ ಬಿಗಿಯನ್ನು ನಿರೀಕ್ಷಿಸಿ ಕುಳಿತವರು ಅರ್ಧದಲ್ಲೇ ಎದ್ದಾರು. ಆದರೆ ಇವು ನಮಗೆ ದೊಡ್ಡ ದೋಷಗಳಾಗಿ ತೋರಲಿಲ್ಲ. ಜಗಲಿಯ ಹರಟೆಗೆ ಯಾರೂ ಬಿಗಿ ಬೇಕೆನ್ನುವುದಿಲ್ಲ. ನಿಜವಾದ ಕೊರತೆ ಬೇರೆ. ಓಣಿಯವರು ನೋಡುತ್ತ, ಕಾಣುತ್ತ ಇದ್ದರು. ಅದನ್ನು ಮುದ್ರಿಸಿ ಬೇರೆಯವರ ಮುಂದಿಟ್ಟ ಗಳಿಗೆಯಲ್ಲೇ ತೆಗೆದ ಜಾಲರಿ ಮತ್ತೆ ಬಂದು ಕೂತಿತು. ಇಂದು ಆ ಹೆಂಗಸರನ್ನು, ಆ ಹುಡುಗರನ್ನು ನೋಡುವ ನಾವು ಐದನೆಯವರು. ನಮಗೆ ಆ ಪರದೆಯಲ್ಲಿ ಚೌಕವಿಲ್ಲ. ಅವರು ನಮಗೆ ಕಾಣುತ್ತಾರೆ, ನಾವು ಅವರಿಗೆ ಕಾಣುವುದಿಲ್ಲ. ಕಳ್ಳನೋಟವನ್ನು ಮುರಿಯಲೆಂದು ಮಾಡಿದ ಕೃತಿ ನಮ್ಮಂಥ ನೋಡುಗರನ್ನು ಮತ್ತೆ ಕಳ್ಳನೋಟದ ಜಾಗದಲ್ಲೇ ಕೂರಿಸುತ್ತದೆ. ಇದಕ್ಕೆ ಕರ್ತೃವಿನ ಬಳಿ ಪರಿಹಾರವಿದ್ದಂತೆ ತೋರುವುದಿಲ್ಲ. ಕೃತಿ ನಿಜವಾಗಿ ಬದುಕಿದ್ದು ಆ ಓಣಿಯಲ್ಲಿ, ಆ ದಿನಗಳಲ್ಲಿ. ಉಳಿದದ್ದು ಅದರ ನೆನಪು.

ಇನ್ನೊಂದು ಮಾತು. ಕೆಲವು ದಿನಗಳ ಪ್ರಯೋಗದಿಂದ ಬಡಾವಣೆ ಬದಲಾಗುವುದಿಲ್ಲ. 2014ರ ಜನವರಿಯ ಒಂದು ನಡುರಾತ್ರಿ ಇದೇ ಖಿಡ್ಕಿ ಎಕ್ಸ್‌ಟೆನ್ಷನ್ನಿನಲ್ಲಿ ಆಫ್ರಿಕಾದ ಹೆಣ್ಣುಮಕ್ಕಳನ್ನು ಅಡ್ಡಗಟ್ಟಿದ ಪ್ರಕರಣ ದೇಶದ ಟೀವಿಗಳಲ್ಲೆಲ್ಲ ಓಡಿದ್ದು ಓದುಗರಿಗೆ ನೆನಪಿರಬಹುದು. ಅಲ್ಲಿಯೂ ಕ್ಯಾಮರಾಗಳಿದ್ದವು. ಆದರೆ ಆ ಹೆಣ್ಣುಮಕ್ಕಳಿಗೆ ತಮ್ಮನ್ನು ನೋಡುತ್ತಿದ್ದ ಕೋಟ್ಯಂತರ ಜನರಲ್ಲಿ ಒಬ್ಬರ ಮುಖವೂ ಕಾಣುತ್ತಿರಲಿಲ್ಲ. ಎಂಟು ವರ್ಷಗಳ ಅಂತರದಲ್ಲಿ ಒಂದೇ ಬಡಾವಣೆ ಎರಡು ಬಗೆಯ ಕ್ಯಾಮರಾಗಳನ್ನು ಕಂಡಿತು. ಎರಡನೆಯದನ್ನು ಕಂಡ ಮೇಲೆ ಮೊದಲನೆಯದರ ಬೆಲೆ ನಮಗೆ ಹೆಚ್ಚಾಗಿ ತಿಳಿಯಿತು.

ಶೈನಾ ಆನಂದ್ ಮುಂದೆ 2007ರಲ್ಲಿ ಗೆಳೆಯರೊಡನೆ ಮುಂಬಯಿಯಲ್ಲಿ ‘ಕ್ಯಾಂಪ್’ ಎಂಬ ಬಳಗ ಕಟ್ಟಿದರು. ಆ ಬಳಗ ಜೆರುಸಲೇಮಿನಲ್ಲಿ ಮಾಡಿದ ಚಿತ್ರದ ಹೆಸರು ‘ಮನೆಗಿಂತ ಮೊದಲು ನೆರೆ’ ಎಂಬರ್ಥ ಕೊಡುತ್ತದೆ. ಮನೆ ಕೊಳ್ಳುವ ಮುನ್ನ ನೆರೆಯವರನ್ನು ನೋಡು ಎಂಬ ಅರಬ್ಬೀ ಗಾದೆ ಅದು. ಅಲ್ಲಿ ಪ್ಯಾಲೆಸ್ಟೈನಿನ ಸಂಸಾರಗಳವರು ದೂರದಿಂದ ಕಾವಲು ಕ್ಯಾಮರಾವನ್ನು ತಾವೇ ತಿರುಗಿಸುತ್ತಾರೆ. ಇನ್ನು ತಾವು ಹೋಗಲಾಗದ, ಒಂದು ಕಾಲಕ್ಕೆ ತಮ್ಮವೇ ಆಗಿದ್ದ ಮನೆಗಳನ್ನು ಹತ್ತಿರಕ್ಕೆ ತಂದುಕೊಂಡು ನೋಡುತ್ತ ಮಾತಾಡುತ್ತಾರೆ. ಅವರ ಸಂಕಟವನ್ನು ನಮ್ಮದಕ್ಕೆ ಹೋಲಿಸುವುದು ಉದ್ಧಟತನವಾದೀತು; ನಾವು ಯಾರೂ ಅಟ್ಟದೆ, ಸಂಬಳಕ್ಕಾಗಿ ಊರು ಬಿಟ್ಟು ಬಂದವರು. ಆದರೆ ಬಿಟ್ಟ ಮನೆಯನ್ನು ಕ್ಯಾಮರಾದಲ್ಲಿ ನೋಡುವುದು ಎಂದರೇನೆಂದು ನಮಗೂ ಸ್ವಲ್ಪ ಗೊತ್ತು. ಮೊದಲೇ ಹೇಳಿದ ಕಾರಣಕ್ಕೆ ಈಗ ಬಂದೆವು.

ಧಾರವಾಡದ ಕಡೆಯ ನಮ್ಮ ಊರಿನಲ್ಲಿ ಅವ್ವ ಒಬ್ಬಳೇ ಇದ್ದಾಳೆ. ದೆಹಲಿಗೆ ಬಾ ಎಂದರೆ ಇಲ್ಲಿಯ ಚಳಿಯೂ ಹಿಂದಿಯೂ ಒಗ್ಗುವುದಿಲ್ಲ ಎನ್ನುತ್ತಾಳೆ. ಎರಡು ವರ್ಷದ ಹಿಂದೆ ಒಮ್ಮೆ ಬಚ್ಚಲಲ್ಲಿ ಜಾರಿಬಿದ್ದು ಅರ್ಧ ದಿನ ಯಾರಿಗೂ ತಿಳಿಯದೆ ಹೋದ ಮೇಲೆ, ನಾವು ಪಡಸಾಲೆಯಲ್ಲಿ ಒಂದು ಕ್ಯಾಮರಾ ಹಾಕಿಸಿ ಬಂದೆವು. ಕಚೇರಿಯಲ್ಲಿ, ಮೆಟ್ರೋದಲ್ಲಿ, ಎಲ್ಲಿದ್ದರೂ ಮೊಬೈಲ್ ತೆಗೆದರೆ ಅವ್ವ ಕಾಣುತ್ತಿದ್ದಳು. ಇಸ್ತ್ರಿ ಮಾಡಿದ ಸೀರೆ, ಬಾಚಿದ ತಲೆ, ಕುರ್ಚಿಯಲ್ಲಿ ನೆಟ್ಟಗೆ ಕುಳಿತ ಭಂಗಿ. ನಮಗೆ ಎಷ್ಟೋ ಸಮಾಧಾನವಾಗಿತ್ತು. ಆರೋಗ್ಯವಾಗಿದ್ದಾಳೆ, ಲವಲವಿಕೆಯಿಂದ ಇದ್ದಾಳೆ ಎಂದು ಇಲ್ಲಿಯ ಸ್ನೇಹಿತರಿಗೆ ಹೇಳಿಕೊಂಡೆವು. ಇಬ್ಬರು ತಮ್ಮ ತಂದೆತಾಯಿಗಳ ಮನೆಯಲ್ಲೂ ಹಾಕಿಸಿದರು.

ಮುಂದಿನ ದೀಪಾವಳಿಗೆ ಊರಿಗೆ ಹೋದಾಗ ಪಕ್ಕದ ಮನೆಯವರು ಹೇಳಿದರು: ಅವ್ವ ಮಧ್ಯಾಹ್ನ ಮಲಗುವುದು ಈಗ ಅಡಿಗೆಮನೆಯ ನೆಲದ ಮೇಲೆ. ಮೊಣಕಾಲು ನೋವಿಗೆ ಎಣ್ಣೆ ತಿಕ್ಕಿಕೊಳ್ಳುವುದೂ ಅಲ್ಲೇ. ಕ್ಯಾಮರಾ ಕಾಣದ ಜಾಗ ಅದೊಂದೇ. ಏಕೆ ಹೀಗೆ ಮಾಡಿದೆ ಎಂದು ಕೇಳಿದರೆ ಅವ್ವ ಸಿಟ್ಟಾಗಲಿಲ್ಲ. “ಯಾರರ ನೋಡಾಕತ್ತಾರ ಅಂದ ಮ್ಯಾಲ ಹ್ಯಾಂಗ ಬೇಕ ಹಂಗ ಬಿದ್ದಿರಾಕ ಬರತೈತೇನು? ನೀ ನನ್ನ ನೋಡತಿ, ಖರೆ. ನೀ ನನಗ ಕಾಣಂಗಿಲ್ಲಲ್ಲ” ಎಂದಳು.

ನಾವು ‘ಖಿಡ್ಕಿಯಾಂ’ ನೋಡಿದ್ದು ಅಲ್ಲಿಂದ ಬಂದ ಕೆಲವು ತಿಂಗಳ ಮೇಲೆ. ನಾಲ್ಕು ಚೌಕಗಳ ಆ ಮಸುಕು ಪರದೆಯನ್ನು ಕಂಡಾಗ ಅವ್ವನ ಮಾತೇ ಕಿವಿಯಲ್ಲಿತ್ತು. ಆಕೆ ಹಗಲಿಡೀ ವೇಷ ಕಟ್ಟಿ ಕೂತದ್ದು ನಮ್ಮ ಸಮಾಧಾನಕ್ಕೆ; ಆ ಆಟದಲ್ಲಿ ಎದುರಿನ ಚೌಕ ಖಾಲಿಯಾಗಿತ್ತು. ಅಕ್ಕರೆಯಿಂದಲೇ ಮಾಡಿದ್ದೆವು, ಆದರೂ ನಮ್ಮದು ಕಳ್ಳನೋಟವೇ ಆಗಿತ್ತು.

ಈಗ ಪಡಸಾಲೆಯ ಕ್ಯಾಮರಾ ತೆಗೆಸಿದ್ದೇವೆ. ಅದರ ಬದಲು ಒಂದು ದೊಡ್ಡ ಪರದೆಯ ಫೋನನ್ನು ಗೋಡೆಗೆ ಒರಗಿಸಿ ಇಟ್ಟಿದ್ದೇವೆ. ದಿನಕ್ಕೆ ಎರಡು ಹೊತ್ತು ಎರಡೂ ಕಡೆ ತೆರೆದಿರುತ್ತದೆ. ಇದರಲ್ಲಿ ಭದ್ರತೆ ಕಡಿಮೆ, ಅದನ್ನು ಮುಚ್ಚಿಡುವುದಿಲ್ಲ. ನಡುವಿನ ಹೊತ್ತಿನಲ್ಲಿ ಮತ್ತೆ ಬಿದ್ದರೆ ಎಂಬ ಹೆದರಿಕೆ ನಮ್ಮನ್ನು ಬಿಟ್ಟಿಲ್ಲ; ಪಕ್ಕದ ಮನೆಯವರಿಗೆ ಕೀಲಿಕೈ ಕೊಟ್ಟಿದ್ದೇವೆ. ಆದರೆ ಈಗ ಅವ್ವ ನಮ್ಮ ಅಡಿಗೆಮನೆಯ ಅಸ್ತವ್ಯಸ್ತವನ್ನು ನೋಡುತ್ತಾಳೆ, ಮಕ್ಕಳು ಊಟ ಬಿಟ್ಟು ಏಳುವುದನ್ನು ನೋಡಿ ಬೈಯುತ್ತಾಳೆ, ದೀಪ ಹಚ್ಚಿರಿ ಮುಖ ಕಾಣವಲ್ದು ಎನ್ನುತ್ತಾಳೆ. ನಾವೂ ಆ ಹೊತ್ತಿಗೆ ತಲೆ ಬಾಚಿಕೊಂಡು ಕೂರುತ್ತೇವೆ. ಮೊನ್ನೆ ಆಕೆ ಮಾತಿನ ನಡುವೆ ಕಾಲು ಚಾಚಿ, ದಿಂಬಿಗೆ ಒರಗಿ, ನಮ್ಮ ಕಣ್ಣೆದುರಿಗೇ ನಿದ್ದೆ ಹೋದಳು.

ಸಹೃದಯ ಓದುಗರಲ್ಲಿ ಅನೇಕರ ಮೊಬೈಲಿನಲ್ಲಿ ಊರಿನ ಒಂದು ಪಡಸಾಲೆ ಇದ್ದೇ ಇರುತ್ತದೆ. ಇಂದು ಅದನ್ನು ತೆಗೆದು ನೋಡುವಾಗ, ಆ ಕಡೆಯವರಿಗೆ ತಾವು ಕಾಣುತ್ತಿದ್ದೀರೋ ಇಲ್ಲವೋ ಎಂದು ಒಮ್ಮೆ ವಿಚಾರಿಸಿ.